ನಿಮಗಿದು ಗೊತ್ತೆ? ಬರಿಗೋಣೆಯಲ್ಲಿ ಅಳಿಲುಗಳ ಮೆರವಣಿಗೆ

ಇಂದ್ರಿಯಗಳಿಗೆ ಕೆಲಸವೇ ಇಲ್ಲದಂತೆ ಮಾಡಿದರೆ ಮನಸ್ಸಿಗೆ ಏನಾಗುತ್ತದೆಂದು ಕೆನಡಾದ ಮೆಕ್‌ಗಿಲ್ ವಿಶ್ವವಿದ್ಯಾಲಯದಲ್ಲಿ ಡೊನಾಲ್ಡ್ ಹೆಬ್ ಅವರ ತಂಡ 1950ರ ದಶಕದ ಆರಂಭದಲ್ಲಿ ಪರೀಕ್ಷಿಸಿತು. ಕಾಲೇಜು ವಿದ್ಯಾರ್ಥಿಗಳು ದಿನಕ್ಕೆ 20 ಡಾಲರ್ ಪಡೆದು ಪುಟ್ಟ ಕೋಣೆಯಲ್ಲಿ ಸುಮ್ಮನೆ ಮಲಗಿರಬೇಕಿತ್ತು. ಕಣ್ಣಿಗೆ ಬೆಳಕಷ್ಟೇ ತೂರಿಬರುವ ಮಸುಕು ಕನ್ನಡಕ, ಕೈಗೆ ಗವಸು, ಅದರ ಮೇಲೆ ಬೆರಳ ತುದಿ ದಾಟುವ ರಟ್ಟಿನ ಕೊಳವೆ, ಕಿವಿಗೆ ಯಂತ್ರದ ಒಂದೇ ಸಮನಾದ ಗುಂಯ್‌ ಸದ್ದು. ದಿನಕ್ಕೆ 20 ಡಾಲರ್ ಎಂದರೆ ಆ ಕಾಲಕ್ಕೆ ಒಳ್ಳೆಯ ಸಂಬಳ. ಆದರೂ ಹೆಚ್ಚಿನವರು ಎರಡು-ಮೂರು ದಿನಕ್ಕೇ ಎದ್ದುಬಂದರು. ಒಳಗಿದ್ದಾಗ ಅವರಿಗೆ ಇಲ್ಲದ್ದೆಲ್ಲ ಕಾಣತೊಡಗಿತ್ತು: ಮೊದಮೊದಲು ಬೆಳಕಿನ ಚುಕ್ಕಿ, ಗೆರೆಗಳು. ಆಮೇಲೆ ಇಡೀ ದೃಶ್ಯಗಳೇ ಕಣ್ಣೆದುರು ಬಂದವು. ಒಬ್ಬನಿಗೆ ಹೆಗಲ ಮೇಲೆ ಚೀಲ ಹೊತ್ತ ಅಳಿಲುಗಳು ಹಿಮದಲ್ಲಿ ಸಾಲಾಗಿ ನಡೆದುಹೋಗುವುದು ಕಂಡಿತು. ಬೇಡವೆಂದರೂ ಈ ದೃಶ್ಯಗಳು ನಿಲ್ಲುತ್ತಿರಲಿಲ್ಲ. ಈ ಪ್ರಯೋಗಕ್ಕೆ ಹಣ ಕೊಟ್ಟದ್ದು ಕೆನಡಾದ ರಕ್ಷಣಾ ಸಂಶೋಧನಾ ಮಂಡಳಿ. ಇನ್ನೂ ಕಳವಳದ ಸಂಗತಿಯೆಂದರೆ, ‘ಬ್ರೈನ್‌ವಾಶಿಂಗ್’ನ (ಬಲವಂತವಾಗಿ ಮನಸ್ಸು ಬದಲಿಸುವ ತಂತ್ರದ) ಗುಟ್ಟು ತಿಳಿಯುವ ಪ್ರಯೋಗದ ಉದ್ದೇಶವನ್ನು 1954ರ ಪ್ರಕಟಿತ ವರದಿಯಲ್ಲಿ ಹೇಳಿರಲಿಲ್ಲ.