ಕಂಬಗಳ್ಳಿಗೆ ಬೇಕು ತಂಪು ರಾತ್ರಿ

ಕಾಡುಬಸಳೆಯ ಎಲೆ ಬೆಳಗಿನ ಜಾವ ಹುಳಿ, ನಡುಮಧ್ಯಾಹ್ನ ಸಪ್ಪೆ, ಸಂಜೆಗೆ ತುಸು ಕಹಿ. ಟಿಪ್ಪುವಿನ ಪತನದ ಬಳಿಕ ಬೆಂಗಳೂರಿನ ಲಾಲ್‌ಬಾಗನ್ನು ನೋಡಿಕೊಂಡಿದ್ದ ಸಸ್ಯಶಾಸ್ತ್ರಜ್ಞ ಬೆಂಜಮಿನ್ ಹೈನ್ ಇದನ್ನು ನಾಲಿಗೆಯಿಂದಲೇ ಪತ್ತೆ ಮಾಡಿ ಲಂಡನ್ನಿನ ಲಿನ್ನಿಯನ್ ಸೊಸೈಟಿಗೆ ತಿಳಿಸಿದ. 1815ರಲ್ಲಿ ಅದು ಅಚ್ಚಾಯಿತು. ಹುಳಿಯ ಗುಟ್ಟು ಪೂರ್ತಿ ಬಿಡಿಸಿಕೊಳ್ಳಲು ವಿಜ್ಞಾನಕ್ಕೆ ಮುಂದೆ ನೂರಕ್ಕೂ ಹೆಚ್ಚು ವರ್ಷ ಹಿಡಿಯಿತು. ಆ ಗುಟ್ಟು ತಿಳಿದವರಿಗೆ ತಾರಸಿಯ ಮೇಲೆ ಎತ್ತರದ ಪಾಪಾಸುಕಳ್ಳಿ ಬೆಳೆಸುವುದು ಕಷ್ಟವಲ್ಲ.

ಬಹುತೇಕ ಗಿಡಗಳು ಹಗಲಿನಲ್ಲಿ ಪತ್ರರಂಧ್ರ ತೆರೆದು ಗಾಳಿಯ ಇಂಗಾಲದ ಡೈಆಕ್ಸೈಡನ್ನು ಒಳಗೆ ತೆಗೆದುಕೊಳ್ಳುತ್ತವೆ. ಅದೇ ಬಾಗಿಲಿನಿಂದ ನೀರೂ ಆವಿಯಾಗಿ ಹೊರಟುಹೋಗುತ್ತದೆ. ಮರುಭೂಮಿಯಲ್ಲಿ ಈ ವ್ಯಾಪಾರ ಗಿಟ್ಟದು. ಹಾಗಾಗಿ ಪಾಪಾಸುಕಳ್ಳಿ ರಂಧ್ರಗಳನ್ನು ತೆರೆಯುವುದು ರಾತ್ರಿ, ಗಾಳಿ ತಂಪಾದ ಮೇಲೆ. ಒಳಬಂದ ಅನಿಲವನ್ನು ಮ್ಯಾಲಿಕ್ ಆಮ್ಲವಾಗಿಸಿ ಕೂಡಿಟ್ಟುಕೊಳ್ಳುತ್ತದೆ. ಬೆಳಗಾದರೆ ಬಾಗಿಲು ಬಂದ್. ಕೂಡಿಟ್ಟ ಆಮ್ಲವನ್ನೇ ಕರಗಿಸಿ, ಬಿಸಿಲಿನ ಬಲದಿಂದ ಸಕ್ಕರೆ ತಯಾರಿ. ಕಾಡುಬಸಳೆಯದೂ ಇದೇ ಉಪಾಯ; ಹೈನ್ ಸವಿದದ್ದು ರಾತ್ರಿಯ ಈ ದಾಸ್ತಾನನ್ನು.

ಕಂಬದ ಆಕಾರವೂ ಸುಮ್ಮನೆ ಬಂದದ್ದಲ್ಲ. ನೆತ್ತಿಯ ಸೂರ್ಯನಿಗೆ ಸಿಗುವುದು ತುದಿಯಷ್ಟೇ, ಅದಕ್ಕೂ ಮುಳ್ಳಿನ ನೆರಳುಂಟು. ಮೈಗೆಲ್ಲ ಬೀಳುವುದು ಓರೆಬಿಸಿಲು. ಮೈಮೇಲಿನ ಉದ್ದುದ್ದ ಮಡಿಕೆಗಳು ಹಾರ್ಮೋನಿಯಂ ತಿದಿಯ ಹಾಗೆ, ಮಳೆ ಬಂದಾಗ ಬಿಚ್ಚಿಕೊಂಡು ಬರದಲ್ಲಿ ಮುಚ್ಚಿಕೊಳ್ಳುತ್ತವೆ.

ಕಂಬಗಳ್ಳಿಗಳಲ್ಲಿ ಹೆಸರುವಾಸಿಯಾದದ್ದು ಸಗ್ವಾರೊ. ಅಮೆರಿಕದ ಆರಿಜೋನಾ ಮತ್ತು ಮೆಕ್ಸಿಕೊಗೆ ಹಬ್ಬಿರುವ ಸೊನೊರಾ ಮರುಭೂಮಿ ಅದರ ತವರು. ನಲವತ್ತು ಅಡಿ ಮೀರಿ ಬೆಳೆಯುವ ಈ ಗಿಡ ಮೊದಲ ಎಂಟು ವರ್ಷದಲ್ಲಿ ಏರುವುದು ಒಂದೂವರೆ ಇಂಚಿನಷ್ಟು! ಅದೂ ಪಾಲೊವರ್ಡೆಯಂಥ ಮರದ ನೆರಳಿನಲ್ಲಿ, ಬಿಸಿಲು ಹಿಮಗಳಿಂದ ಬಚ್ಚಿಟ್ಟುಕೊಂಡು. ಮೊದಲ ಹೂವಿಗೆ ಸುಮಾರು 35 ವರ್ಷ ಬೇಕು, ಮೊದಲ ತೋಳಿಗೆ 50ರಿಂದ 70. ಬಿಳಿಯ ಹೂ ರಾತ್ರಿ ಅರಳಿ ಮರುದಿನ ಮಧ್ಯಾಹ್ನಕ್ಕೆ ಮುಚ್ಚಿಕೊಳ್ಳುತ್ತದೆ. ಅಷ್ಟರಲ್ಲಿ ಬಾವಲಿ, ಜೇನ್ನೊಣ, ಬಿಳಿರೆಕ್ಕೆಯ ಪಾರಿವಾಳ ಬಂದು ಹೋಗಬೇಕು. ಹಣ್ಣು ಮಾಗುವುದು ಜೂನ್ ಬಿರುಬೇಸಿಗೆಯಲ್ಲಿ. ಅಲ್ಲಿನ ಮೂಲನಿವಾಸಿಗಳಾದ ಟೊಹೊನೊ ಓಧಮ್ ಜನ ಸತ್ತ ಸಗ್ವಾರೊದ ಒಳಗಿನ ಕಟ್ಟಿಗೆಯ ಗಳುವನ್ನೇ ದೋಟಿ ಮಾಡಿಕೊಂಡು ಆ ಹಣ್ಣು ಕೊಯ್ಯುತ್ತಾರೆ.

ಗೀಲಾ ಮರಕುಟಿಗ ಕಾಂಡ ಕೊರೆದು ಗೂಡು ಮಾಡಿದರೆ ಗಿಡ ಆ ಗಾಯದ ಸುತ್ತ ಕರಟದಂಥ ಗಟ್ಟಿ ಪದರ ಕಟ್ಟಿಕೊಳ್ಳುತ್ತದೆ. ಒಂದು ಹನಿ ನೀರೂ ಸೋರದು. ಮರಕುಟಿಗ ಬಿಟ್ಟ ಮನೆಗೆ ಜಗತ್ತಿನ ಅತಿ ಚಿಕ್ಕ ಗೂಬೆ ಬಾಡಿಗೆಗೆ ಬರುವುದುಂಟು. ಗಿಡ ಸತ್ತು ಕೊಳೆತ ಮೇಲೂ ಆ ಪೊಟರೆ ಮಾತ್ರ ಇಡಿಯಾಗಿ ಉಳಿಯುತ್ತದೆ.

ಇಂಥ ಗಟ್ಟಿಗನನ್ನೂ 2023ರ ಬೇಸಿಗೆ ಕೆಡವಿತು. ಆರಿಜೋನಾದ ಫೀನಿಕ್ಸ್ ನಗರದಲ್ಲಿ ಸತತ 31 ದಿನ ಉಷ್ಣಾಂಶ 43 ಡಿಗ್ರಿ ಸೆಲ್ಸಿಯಸ್ ದಾಟಿತು. ಹಗಲಿನ ಬಿಸಿಲನ್ನಾದರೂ ಸಗ್ವಾರೊ ತಡೆದೀತು, ರಾತ್ರಿಯೂ ಗಾಳಿ ತಣಿಯದಿದ್ದರೆ ಬಾಗಿಲು ತೆರೆಯುವುದು ಯಾವಾಗ? ತೋಳುಗಳು ಕಳಚಿ ಬಿದ್ದವು, ಕೆಲವು ಗಿಡಗಳು ಬುಡಸಮೇತ ಉರುಳಿದವು.

ಮನೆಯಲ್ಲಿ ಬೆಳೆಸಲು ಸಗ್ವಾರೊಗೆ ಆಸೆಪಡುವುದು ಬೇಡ. ಅದರ ತೋಳು ನೋಡಲು ಮೊಮ್ಮಕ್ಕಳೇ ಬೇಕು. ದಕ್ಷಿಣ ಅಮೆರಿಕ ಮೂಲದ ಸೆರಿಯಸ್ ತನ್ನಿ. ನಮ್ಮ ಹವೆಗೆ ಅದು ಒಗ್ಗಿಕೊಂಡಿದೆ, ವರ್ಷಕ್ಕೆ ಅಡಿಗೂ ಮಿಕ್ಕಿ ಬೆಳೆದೀತು, ರಾತ್ರಿ ಅಂಗೈಗಿಂತ ದೊಡ್ಡ ಬಿಳಿ ಹೂ ಬಿಡುತ್ತದೆ. ಕೊಳ್ಳುವಾಗ ಒಂದು ಎಚ್ಚರ: ಬೇಲಿಯ ಕಳ್ಳಿಯ ಜಾತಿಯವನ್ನೂ ಕ್ಯಾಕ್ಟಸ್ ಎಂದೇ ಮಾರುತ್ತಾರೆ. ಗೀರಿದರೆ ಹಾಲು ಸೋರುವುದು ಪಾಪಾಸುಕಳ್ಳಿಯ ಕುಲದ್ದಲ್ಲ; ಆ ಹಾಲು ಕಣ್ಣಿಗೆ ತಾಗಿದರೆ ಆಸ್ಪತ್ರೆ ಸೇರಬೇಕಾದೀತು.

ಬಲಿತ ಗಿಡದಿಂದ ಒಂದಡಿ ತುಂಡು ಕತ್ತರಿಸಿ, ನೆರಳಿನಲ್ಲಿ ಎರಡು ವಾರ ಹಾಗೇ ಬಿಡಿ. ಕತ್ತರಿಸಿದ ಬಾಯಿ ಒಣಗಿ ಗಡುಸಾಗಲೇಬೇಕು. ಹಸಿಬಾಯಿಯ ತುಂಡನ್ನು ಮಣ್ಣಿಗಿಟ್ಟರೆ ಕೊಳೆಯುವುದು ಬಹುಮಟ್ಟಿಗೆ ಖಾತ್ರಿ. ಅರ್ಧದಷ್ಟಾದರೂ ದಪ್ಪ ಮರಳು, ಇಟ್ಟಿಗೆ ಚೂರು ಬೆರೆಸಿದ ಮಣ್ಣು ಬೇಕು. ಕುಂಡ ಜೇಡಿಮಣ್ಣಿನದಾದರೆ ಲೇಸು, ತೂಕಕ್ಕೂ ಆಯಿತು, ಬೇಗ ಒಣಗುವುದಕ್ಕೂ ಆಯಿತು. ಬೇರು ಬಿಡುವ ತನಕ ನೀರು ಬೇಡ.

ನರ್ಸರಿಯ ಹಸಿರು ಬಲೆಯಡಿ ಇದ್ದ ಗಿಡವನ್ನು ತಂದವರೇ ತಾರಸಿಯ ಬಿಸಿಲಿಗೆ ನೂಕಬೇಡಿ. ಸುಟ್ಟ ಬಿಳಿಕಲೆ ಸಾಯುವವರೆಗೂ ಹೋಗದು. ಆರಿಜೋನಾದಲ್ಲಿ ಸಗ್ವಾರೊ ಸ್ಥಳಾಂತರಿಸುವಾಗ ಮೊದಲು ಯಾವ ದಿಕ್ಕಿಗೆ ಮುಖ ಮಾಡಿತ್ತೋ ಅದೇ ದಿಕ್ಕಿಗೆ ನೆಡುವ ರೂಢಿಯಿದೆ. ಬಿಸಿಲಿಗೆ ಪಳಗಿದ ಮಗ್ಗುಲು ಬಿಸಿಲಿಗೇ ಇರಲಿ ಎಂದು. ಹಾಗೆಂದು ಕೋಣೆಯೊಳಗೆ ಇಟ್ಟರೆ ತುದಿ ಬೆಳಕು ಹುಡುಕಿಕೊಂಡು ಪೆನ್ಸಿಲಿನಷ್ಟು ಸಣಕಲಾಗಿ ಏಳುತ್ತದೆ, ಮುಂದೆ ದಪ್ಪಗಾದರೂ ಆ ಸೊಂಟ ಭಾರ ತಾಳದು.

ಬುಡ ಮೆತ್ತಗಾಗಿ ಕಂದುಬಣ್ಣಕ್ಕೆ ತಿರುಗಿದರೆ ಗೊಬ್ಬರ, ಔಷಧ ಎಂದು ಹೊತ್ತು ಕಳೆಯಬೇಡಿ. ಸ್ಪಿರಿಟ್ಟಿನಿಂದ ಒರೆಸಿದ ಚಾಕುವಿನಲ್ಲಿ, ಒಂದೂ ಕಂದುಚುಕ್ಕೆಯಿಲ್ಲದ ಹಸಿರು ಸಿಗುವ ತನಕ ಮೇಲಕ್ಕೆ ಕತ್ತರಿಸಿ, ಮತ್ತೆ ಒಣಗಿಸಿ ನೆಡಿ.

ಬೇಸಿಗೆಯಲ್ಲಿ ಬಿದಿರುಕಡ್ಡಿ ಕುಂಡದ ತಳದವರೆಗೆ ಚುಚ್ಚಿ ನೋಡಿ. ಒಣಗಿ ಬಂದರೆ ಮಾತ್ರ ಧಾರಾಳವಾಗಿ ನೀರು ಹೊಯ್ಯಿರಿ. ಚಳಿಗಾಲಕ್ಕೆ ತಿಂಗಳಿಗೊಮ್ಮೆ ಸಾಕು. ಮಳೆಗಾಲದಲ್ಲಿ ಸಜ್ಜೆಯ ಕೆಳಗೆ ಸರಿಸಿ, ಕರಾವಳಿ ಮಲೆನಾಡಿನವರಾದರೆ ಪಾರದರ್ಶಕ ಶೀಟಿನ ಚಾವಣಿಯನ್ನೇ ಹಾಕಿಸಿ. ಜೂನ್ ಬಂತೆಂದರೆ ನೀರಿನ ಮಗ್ಗು ಅದರ ಹತ್ತಿರ ಸುಳಿಯಕೂಡದು.