ಆಟದ ವೇಗವನ್ನು ನಿರ್ಧರಿಸುವವರು ಯಾರು?

ಕಳೆದ ಬೇಸಿಗೆ ರಜೆಯಲ್ಲಿ ಮನೆಗೆ ಬಂದಿದ್ದ, ಹೈಸ್ಕೂಲು ಓದುವ ಮೊಮ್ಮಗ ಒಂದು ಮಧ್ಯಾಹ್ನ ತನ್ನ ಟ್ಯಾಬ್ಲೆಟ್ ತಂದು ನನ್ನ ಕೈಗಿಟ್ಟು, ‘ತಾತ, ಮುಟ್ಟಿ ನೋಡು’ ಎಂದ. ಬೆನ್ನಿನ ಭಾಗವನ್ನು ಹೆಚ್ಚು ಹೊತ್ತು ಹಿಡಿದುಕೊಳ್ಳಲಾಗದಷ್ಟು ಅದು ಬಿಸಿಯಾಗಿತ್ತು. ಆದರೆ ಅವನ ದೂರು ಬಿಸಿಯ ಬಗ್ಗೆ ಅಲ್ಲ. ಮೊದಲ ಹತ್ತು ನಿಮಿಷ ಸರಾಗವಾಗಿ ಓಡುವ ಆಟ ಆಮೇಲೆ ತಡವರಿಸತೊಡಗುತ್ತದೆ, ಎದುರಾಳಿ ಕಾಣಿಸಿಕೊಳ್ಳುವಷ್ಟರಲ್ಲಿ ತನ್ನ ಕಥೆ ಮುಗಿದಿರುತ್ತದೆ ಎಂಬುದು ಅವನ ಅಳಲು. ‘ಸಾಕು, ಹೋಗಿ ಓದಿಕೋ’ ಎಂದುಬಿಡುವುದು ಸುಲಭವಿತ್ತು. ಆದರೆ ಅರ್ಜಿಗೆ ಉತ್ತರ ಕೊಡದೆ ಕಡತ ಮುಚ್ಚುವುದು ನನ್ನ ಸೇವಾವಧಿಯ ಅಭ್ಯಾಸವಾಗಿರಲಿಲ್ಲ. ಕನಿಷ್ಠ ನಾನು ಹಾಗೆ ನಂಬಿಕೊಂಡಿದ್ದೇನೆ.

ವಿಚಾರಿಸುತ್ತಾ ಹೋದಂತೆ ಇದು ಮಕ್ಕಳಾಟದ ವಿಷಯವಲ್ಲ, ವಿರಳ ಸಂಪನ್ಮೂಲದ ಹಂಚಿಕೆಯ ವಿಷಯ ಎಂಬುದು ಅರಿವಾಯಿತು. ಟ್ಯಾಬ್ಲೆಟ್ಟಿನ ಪರದೆಯ ಮೇಲೆ ಚಲಿಸುವಂತೆ ಕಾಣುವುದೆಲ್ಲ ಒಂದರ ಹಿಂದೊಂದು ಬರುವ ಸ್ಥಿರಚಿತ್ರಗಳು. ಸೆಕೆಂಡಿಗೆ 60 ಚಿತ್ರ ಬೇಕೆಂದರೆ ಒಂದೊಂದು ಚಿತ್ರವನ್ನೂ ಸುಮಾರು 16.7 ಮಿಲಿಸೆಕೆಂಡಿನೊಳಗೆ ಬರೆದು ಮುಗಿಸಬೇಕು; 120 ಬೇಕೆಂದರೆ ಆ ಗಡುವು 8.3 ಮಿಲಿಸೆಕೆಂಡಿಗೆ ಇಳಿಯುತ್ತದೆ. ಈ ದುಡಿಮೆಗೆ ತಗಲುವ ವಿದ್ಯುತ್ತು ಕೊನೆಗೆ ಶಾಖವಾಗಿ ಹೊರಬೀಳಬೇಕು. ಮೇಜಿನ ಕಂಪ್ಯೂಟರಿಗೆ ಫ್ಯಾನು ಇರುತ್ತದೆ, ಟ್ಯಾಬ್ಲೆಟ್ಟಿಗೆ ಸಾಮಾನ್ಯವಾಗಿ ಇರುವುದಿಲ್ಲ. ಒಳಗಿನ ಶಾಖ ತೆಳ್ಳನೆಯ ಬೆನ್ನಿನ ಮೂಲಕವೇ ಗಾಳಿಗೆ ಸೇರಬೇಕು. ಅದು ಸೇರುವ ವೇಗಕ್ಕಿಂತ ಹುಟ್ಟುವ ವೇಗ ಹೆಚ್ಚಾದಾಗ ಪ್ರೊಸೆಸರ್ ತನ್ನನ್ನು ಉಳಿಸಿಕೊಳ್ಳಲು ತಾನೇ ನಿಧಾನವಾಗುತ್ತದೆ. ಮೊಮ್ಮಗನ ಇಪ್ಪತ್ತನೇ ನಿಮಿಷದ ರಹಸ್ಯ ಇಷ್ಟೇ.

ಇಲ್ಲಿ ಅರ್ಥಶಾಸ್ತ್ರದ ವಿದ್ಯಾರ್ಥಿಗೆ ಪರಿಚಿತವಾದ ಒಂದು ಸಂಗತಿ ಇದೆ. ಪ್ರೊಸೆಸರಿನ ದುಡಿಮೆಗೆ ಬೇಕಾಗುವ ವಿದ್ಯುತ್ತು ಅದರ ವೇಗದ ಜೊತೆಗೆ ವೋಲ್ಟೇಜಿನ ವರ್ಗಕ್ಕೂ ಅನುಗುಣವಾಗಿ ಏರುತ್ತದೆ. ವೇಗ ಹೆಚ್ಚಿಸಲು ವೋಲ್ಟೇಜನ್ನೂ ಏರಿಸಬೇಕಾಗಿ ಬರುವುದರಿಂದ, ಕೊನೆಯ ಹತ್ತು ಪಾಲು ವೇಗಕ್ಕೆ ತೆರುವ ಬೆಲೆ ಮೊದಲ ಹತ್ತು ಪಾಲಿನ ಬೆಲೆಗಿಂತ ಎಷ್ಟೋ ಅಧಿಕ. ಇಳಿಮುಖ ಪ್ರತಿಫಲ ನಿಯಮವನ್ನು ಗೊಬ್ಬರ, ಇಳುವರಿಗಳ ಉದಾಹರಣೆಯಿಂದ ಓದಿದ ನಾನು ಅದನ್ನು ಮತ್ತೆ ಕಂಡದ್ದು ಮೊಮ್ಮಗನ ತೊಡೆಯ ಮೇಲೆ.

ಹಾಗಾದರೆ ವೇಗ, ತಂಪು, ಬ್ಯಾಟರಿ ಈ ಮೂರರಲ್ಲಿ ಯಾವುದನ್ನು ಎಷ್ಟು ಬಿಟ್ಟುಕೊಡಬೇಕೆಂದು ತೀರ್ಮಾನಿಸುವವರು ಯಾರು? ಹಣ ಕೊಟ್ಟು ಕೊಂಡವನೋ, ತಯಾರಿಸಿದ ಕಂಪನಿಯೋ? 2022ರ ಮಾರ್ಚ್ ತಿಂಗಳಲ್ಲಿ ದಕ್ಷಿಣ ಕೊರಿಯಾದಲ್ಲಿ ಎದ್ದ ಗದ್ದಲ ಈ ಪ್ರಶ್ನೆಯದ್ದೇ. ಸ್ಯಾಮ್‌ಸಂಗ್ ಕಂಪನಿಯ ಗ್ಯಾಲಕ್ಸಿ ಸಾಧನಗಳಲ್ಲಿ ‘ಗೇಮ್ ಆಪ್ಟಿಮೈಸಿಂಗ್ ಸರ್ವಿಸ್’ ಎಂಬ ತಂತ್ರಾಂಶ, ಬಳಕೆದಾರರ ಅನುಮತಿ ಕೇಳದೆಯೇ ಆಟಗಳ ವೇಗಕ್ಕೆ ಕಡಿವಾಣ ಹಾಕುತ್ತಿತ್ತು. ಅದರ ಕಣ್ಗಾವಲಿನಲ್ಲಿದ್ದವು ಎನ್ನಲಾದ ಸುಮಾರು 10,000 ಆ್ಯಪ್‌ಗಳ ಪಟ್ಟಿ ಬಳಕೆದಾರರ ನಡುವೆ ಹರಿದಾಡಿತು. ಆಟವಲ್ಲದ ಆ್ಯಪ್‌ಗಳ ವೇಗವನ್ನು ತಗ್ಗಿಸುವುದಿಲ್ಲ ಎಂದು ಕಂಪನಿ ಹೇಳಿಕೊಂಡಿತು. ಸಾಧನದ ಸಾಮರ್ಥ್ಯವನ್ನು ಅಳೆದು ಅಂಕ ಕೊಡುವ ತಂತ್ರಾಂಶಗಳಿಗೆ ಮಾತ್ರ ಈ ಕಡಿವಾಣ ತಗಲುತ್ತಿರಲಿಲ್ಲ. ಕೊರಿಯಾದ ಒಬ್ಬ ಬಳಕೆದಾರ ಅಂತಹ ಒಂದು ಪರೀಕ್ಷಾ ತಂತ್ರಾಂಶಕ್ಕೆ ‘ಗೆನ್‌ಶಿನ್ ಇಂಪ್ಯಾಕ್ಟ್’ ಎಂಬ ಜನಪ್ರಿಯ ಆಟದ ಹೆಸರನ್ನು ಅಂಟಿಸಿ ಓಡಿಸಿದ. ಅದೇ ಸಾಧನ, ಅದೇ ಪರೀಕ್ಷೆ. ಬದಲಾದದ್ದು ಹೆಸರು ಮಾತ್ರ. ಅಂಕ ಅರ್ಧಕ್ಕೂ ಕೆಳಗಿಳಿಯಿತು!

ಇದನ್ನು ಓದಿ ನನಗೆ ನಗು ಬಂತು. ಮೇಲಧಿಕಾರಿಗಳ ತಪಾಸಣೆಯ ದಿನ ಕಚೇರಿಗಳಿಗೆ ಸುಣ್ಣ ಬಳಿಯುವುದನ್ನೂ, ಅಂದು ಮಾತ್ರ ಹಾಜರಿ ಪುಸ್ತಕ ತುಂಬಿ ತುಳುಕುವುದನ್ನೂ ದಶಕಗಳ ಕಾಲ ಕಂಡವನು ನಾನು. ತಪಾಸಣೆ ಮಾಡುವವನಾಗಿಯೂ, ಮಾಡಿಸಿಕೊಳ್ಳುವವನಾಗಿಯೂ. ಬಂದವನು ಪರೀಕ್ಷಕನೆಂದು ತಿಳಿದರೆ ಯಂತ್ರವೂ ಮೈಕೊಡವಿ ಎದ್ದು ನಿಲ್ಲುತ್ತದೆ ಎಂದಾಯಿತು. ಇದರ ಪರಿಣಾಮವಾಗಿ ‘ಗೀಕ್‌ಬೆಂಚ್’ ಎಂಬ ಅಂಕಪಟ್ಟಿಯವರು ಕಂಪನಿಯ ನಾಲ್ಕು ಪೀಳಿಗೆಯ ಎಸ್ ಶ್ರೇಣಿಯ ಫೋನುಗಳನ್ನೂ, ಟ್ಯಾಬ್ ಎಸ್8 ಶ್ರೇಣಿಯ ಟ್ಯಾಬ್ಲೆಟ್ಟುಗಳನ್ನೂ ತಮ್ಮ ಪಟ್ಟಿಯಿಂದ ಕೈಬಿಟ್ಟರು. ಆ ತಿಂಗಳ ಷೇರುದಾರರ ಸಭೆಯಲ್ಲಿ ಕಂಪನಿಯ ಉಪಾಧ್ಯಕ್ಷರು ಕ್ಷಮೆ ಕೋರಿದರು. ಕಡಿವಾಣವನ್ನು ಸಡಿಲಿಸಿಕೊಳ್ಳುವ ಆಯ್ಕೆಯನ್ನು ಬಳಕೆದಾರರಿಗೇ ಒದಗಿಸುವ ತಂತ್ರಾಂಶ ಪರಿಷ್ಕರಣೆಯೂ ಬಂತು.

ಆ್ಯಪಲ್ ಕಂಪನಿಯ ಚರಿತ್ರೆಯೂ ಬೇರೆಯಲ್ಲ. ಬ್ಯಾಟರಿ ಹಳತಾದ ಐಫೋನುಗಳನ್ನು ತಾನು ನಿಧಾನಗೊಳಿಸುತ್ತಿದ್ದುದನ್ನು ಅದು 2017ರ ಡಿಸೆಂಬರಿನಲ್ಲಿ ಒಪ್ಪಿಕೊಂಡಿತು. ಗ್ರಾಹಕರಿಗೆ ತಿಳಿಸಲಿಲ್ಲ ಎಂಬ ಕಾರಣಕ್ಕೆ ಫ್ರಾನ್ಸ್ 2020ರಲ್ಲಿ 2.5 ಕೋಟಿ ಯೂರೋ ದಂಡ ವಿಧಿಸಿತು.

ಕಂಪನಿಗಳ ಸಮರ್ಥನೆಯಲ್ಲಿ ಹುರುಳಿಲ್ಲವೆಂದು ನಾನು ಹೇಳಲಾರೆ. ಶಾಖವು ಲಿಥಿಯಂ ಅಯಾನ್ ಬ್ಯಾಟರಿಯ ಆಯುಸ್ಸನ್ನು ತಿನ್ನುತ್ತದೆ, ಮಕ್ಕಳ ಕೈಗೂ ಬಿಸಿ ಹಿತವಲ್ಲ. ಕಡಿವಾಣ ಬೇಕು ನಿಜ. ಅದನ್ನು ಹಾಕಿದ್ದೇವೆಂದು ಹೇಳದಿರುವುದೂ, ಹಾಕದ ಸ್ಥಿತಿಯ ಅಂಕವನ್ನು ಲೋಕಕ್ಕೆ ತೋರಿಸುವುದೂ ಮಾತ್ರ ವ್ಯಾಪಾರ ಧರ್ಮವಲ್ಲ.

ಮೊಮ್ಮಗನ ಟ್ಯಾಬ್ಲೆಟ್ಟಿನ ವಿಷಯಕ್ಕೆ ಬರುತ್ತೇನೆ. ಆಂಡ್ರಾಯ್ಡ್ 12 ಬಂದ 2021ರಿಂದೀಚೆಗೆ ಆಟಗಳಿಗಾಗಿಯೇ ಸಾಮಾನ್ಯ, ಗರಿಷ್ಠ ಸಾಮರ್ಥ್ಯ, ಬ್ಯಾಟರಿ ಉಳಿತಾಯ ಎಂಬ ಸ್ಥಿತಿಗಳಿಗೆ ಆ ತಂತ್ರಾಂಶದಲ್ಲಿಯೇ ಅವಕಾಶವಿದೆ. ನಮ್ಮ ಹುಡುಗ ಗರಿಷ್ಠ ಸಾಮರ್ಥ್ಯವನ್ನು ಆರಿಸಿ, ಅವನಾಡುವ ‘ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ’ದೊಳಗೂ ಚಿತ್ರದ ಗುಣಮಟ್ಟವನ್ನು ಕೈಗೆಟುಕುವಷ್ಟು ಮೇಲಕ್ಕೇರಿಸಿ, ದಪ್ಪ ಕವಚ ತೊಡಿಸಿ, ಚಾರ್ಜರನ್ನೂ ಸಿಕ್ಕಿಸಿಕೊಂಡು ಆಡುತ್ತಿದ್ದ. ಚಾರ್ಜ್ ಆಗುವ ಬ್ಯಾಟರಿಯೂ ಬಿಸಿಯಾಗುತ್ತದೆ. ಎರಡು ಒಲೆ ಹೊತ್ತಿಸಿ ಮೇಲೆ ಕಂಬಳಿ ಹೊದಿಸಿದ ಹಾಗೆ. ನಾವಿಬ್ಬರೂ ಕುಳಿತು ಒಂದೊಂದಾಗಿ ಬದಲಿಸಿದೆವು. ಕವಚ ತೆಗೆದೆವು, ಆಡುವಾಗ ಚಾರ್ಜರ್ ಬೇಡವೆಂದೆವು, ಪರದೆಯ ಬೆಳಕು ತಗ್ಗಿಸಿದೆವು. ಚಿತ್ರದ ಗುಣಮಟ್ಟವನ್ನು ‘ಸ್ಮೂತ್’ಗೆ ಇಳಿಸಿ, ಸೆಕೆಂಡಿಗೆ 60 ಚಿತ್ರಗಳನ್ನು ಮಾತ್ರ ಉಳಿಸಿಕೊಂಡೆವು. ಹುಲ್ಲಿನ ಎಸಳು, ನೆರಳುಗಳ ಸೊಗಸು ಹೋಯಿತು, ಆಟದ ಓಟ ಉಳಿಯಿತು. ಏರಿಳಿಯುವ 60ಕ್ಕಿಂತ ಸ್ಥಿರವಾದ 40 ಮೇಲು ಎಂಬುದನ್ನು ಬೇರೊಂದು ಆಟದಲ್ಲಿ ಅವನೇ ಕಂಡುಕೊಂಡ. ಕಣ್ಣಿಗೆ ಕಿರಿಕಿರಿಯಾಗುವುದು ಕಡಿಮೆ ವೇಗದಿಂದಲ್ಲ, ವೇಗದ ಅಸ್ಥಿರತೆಯಿಂದ. ನಮ್ಮ ಬೆಲೆ ಸೂಚ್ಯಂಕದ ಬಗ್ಗೆಯೂ ಈ ಮಾತನ್ನು ಹೇಳಬಹುದೇನೋ.

ಎಲ್ಲ ಮುಗಿದ ಮೇಲೆ ಅವನು ಕೇಳಿದ: ‘ಇದನ್ನೆಲ್ಲ ಡಬ್ಬಿಯ ಮೇಲೆ ಯಾಕೆ ಬರೆದಿಲ್ಲ ತಾತ?’

ನನ್ನಲ್ಲಿ ಉತ್ತರವಿರಲಿಲ್ಲ. 2020ರ ಜುಲೈನಲ್ಲಿ ಜಾರಿಗೆ ಬಂದ 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯು ಸರಕಿನ ಗುಣಮಟ್ಟ, ಪ್ರಮಾಣ, ಸಾಮರ್ಥ್ಯಗಳನ್ನು ತಿಳಿಯುವುದು ಗ್ರಾಹಕನ ಹಕ್ಕೆಂದು ಹೇಳುತ್ತದೆ. ಫ್ರಿಜ್, ಹವಾನಿಯಂತ್ರಕಗಳಿಗೆ ನಕ್ಷತ್ರ ಚೀಟಿ ಅಂಟಿಸುವ ಪದ್ಧತಿ ನಮ್ಮಲ್ಲಿ 2006ರಿಂದಲೇ ಇದೆ. ಯುರೋಪಿನ ಒಕ್ಕೂಟ 2025ರ ಜೂನ್ 20ರಿಂದ ಫೋನು, ಟ್ಯಾಬ್ಲೆಟ್ಟುಗಳಿಗೂ ಇಂತಹ ಚೀಟಿಯನ್ನು ಕಡ್ಡಾಯಗೊಳಿಸಿದೆ. ಒಂದು ಚಾರ್ಜಿಗೆ ಎಷ್ಟು ಹೊತ್ತು ನಡೆಯುತ್ತದೆ, ಎಷ್ಟು ಬಾರಿ ಚಾರ್ಜ್ ಮಾಡುವವರೆಗೆ ಬ್ಯಾಟರಿ ಬಾಳುತ್ತದೆ, ಬಿದ್ದರೆ ಎಷ್ಟು ತಾಳುತ್ತದೆ, ದುರಸ್ತಿ ಎಷ್ಟು ಸುಲಭ ಎಂಬುದೆಲ್ಲ ಅದರಲ್ಲಿದೆ. ಅರ್ಧ ಗಂಟೆ ಎಡೆಬಿಡದೆ ದುಡಿಸಿದ ಮೇಲೆ ಮೊದಲ ನಿಮಿಷದ ವೇಗದಲ್ಲಿ ಎಷ್ಟು ಪಾಲು ಉಳಿದಿರುತ್ತದೆ ಎಂಬ ಅಂಕಿ ಅದರಲ್ಲಿಯೂ ಇಲ್ಲ. ನಮ್ಮ ಸರ್ಕಾರ ಇಂತಹ ಚೀಟಿಯನ್ನು ರೂಪಿಸುವ ದಿನ ಬಂದರೆ, ಆ ಒಂದು ಸಾಲಿಗೆ ಅದರಲ್ಲಿ ಜಾಗವಿರಲಿ. ಪರೀಕ್ಷೆ ನಮ್ಮ ಏಪ್ರಿಲ್ ತಿಂಗಳ ಬಿಸಿಲಿನಲ್ಲಿ, ಆಟದ ಹೆಸರಿನಲ್ಲಿಯೇ ನಡೆಯಲಿ.