ಕಂಡವರಿಲ್ಲ, ಕರೆಗಳಿದ್ದವು

ಬೆಂಗಳೂರಿಗೆ ಇನ್ನೂ ಎಚ್‌ಎಎಲ್ ವಿಮಾನ ನಿಲ್ದಾಣವೇ ಗತಿಯಾಗಿದ್ದ ಕಾಲ. ರಿಂಗ್ ರಸ್ತೆಯ ಅಂಚಿನಲ್ಲಿ ಗಾಡಿ ನಿಲ್ಲಿಸಿ, ನೆತ್ತಿಯ ಮೇಲೆಯೇ ಇಳಿದುಬರುವ ವಿಮಾನ ನೋಡುವುದು ಊರಿಗೆಲ್ಲ ಪುಕ್ಕಟೆ ಮನರಂಜನೆ. 2003ರ ಡಿಸೆಂಬರ್ 3ರ ರಾತ್ರಿ ಹಾಗೆ ನಿಂತಿದ್ದ ಸಾಫ್ಟ್‌ವೇರ್ ಎಂಜಿನಿಯರ್ ಗಿರೀಶ್ ತಲೆಗೆ ಹಿಂದಿನಿಂದ ಪೆಟ್ಟು ಬಿತ್ತು. ಅವರು ಉಳಿಯಲಿಲ್ಲ. ಜೊತೆಗಿದ್ದವರು ಬನಶಂಕರಿಯ ಕಾನೂನು ವಿದ್ಯಾರ್ಥಿನಿ ಶುಭಾ. ಇಬ್ಬರ ನಿಶ್ಚಿತಾರ್ಥವಾಗಿದ್ದು ನವೆಂಬರ್ 30ಕ್ಕೆ.

ಹೊಡೆದವನು ಯಾರೋ ಅಪರಿಚಿತ ಎಂದರು ಶುಭಾ. ಮುಂದಿನ ತಿಂಗಳು ಪೊಲೀಸರು ಅವರನ್ನೇ ಬಂಧಿಸಿದರು. ಕಾಲೇಜಿನ ಗೆಳೆಯ ಅರುಣ್ ಮತ್ತು ಇನ್ನಿಬ್ಬರನ್ನೂ. ಬನಶಂಕರಿಯ ಕಟ್ಟೆಗಳಲ್ಲಿ ತೀರ್ಪು ಅಂದೇ ಹೊರಬಿತ್ತೆನ್ನಿ. ನ್ಯಾಯಾಲಯಕ್ಕೆ ಅಷ್ಟು ಸಲೀಸಿರಲಿಲ್ಲ. ಕೈಯಲ್ಲಿದ್ದುದು ಸಾಂದರ್ಭಿಕ ಸಾಕ್ಷ್ಯ: ಒಲ್ಲದ ಮದುವೆಯೆಂಬ ಉದ್ದೇಶ, ಒಂದು ಸ್ಕೂಟರ್, ಒಂದು ಉಕ್ಕಿನ ರಾಡು, ಎಲ್ಲಕ್ಕಿಂತ ಹೆಚ್ಚಾಗಿ ಫೋನ್ ಕರೆಗಳ ದಾಖಲೆ. ಮೊಬೈಲಿಗೆ ಬರುವ ಕರೆಗೂ ದುಡ್ಡು ತೆರುವುದು ಆಗಷ್ಟೇ ತಪ್ಪಿತ್ತು. ಪ್ರತಿ ಕರೆಯೂ ಎಲ್ಲೋ ಗುರುತಾಗಿ ಉಳಿಯುತ್ತದೆಂಬ ಎಚ್ಚರ ಜನಕ್ಕೆ ಇನ್ನೂ ಬಂದಿರಲಿಲ್ಲ.

ಇಂಥ ಸಾಕ್ಷ್ಯವನ್ನು ತೂಗುವ ತಕ್ಕಡಿಯನ್ನು ಸುಪ್ರೀಂ ಕೋರ್ಟ್ 1984ರಲ್ಲಿ ಶರದ್ ಬಿರ್ಧಿಚಂದ್ ಸರ್ದಾ ಪ್ರಕರಣದಲ್ಲಿ ಇಟ್ಟಿತು. ಪ್ರತಿ ಸಂಗತಿಯೂ ಪೂರ್ತಿ ರುಜುವಾತಾಗಬೇಕು. ಎಲ್ಲವೂ ಆರೋಪಿಯತ್ತ ಮಾತ್ರ ಬೆರಳು ಮಾಡಬೇಕು. ಬೇರೆ ವಿವರಣೆಗೆ ಎಡೆ ಇರಬಾರದು. ಸರಪಳಿ ಎಲ್ಲೂ ಕಡಿದಿರಬಾರದು. ಕನ್ನಡದಲ್ಲಾದರೆ ಎರಡು ಕ್ರಿಯಾಪದ ಸಾಕು. 'ಮಾಡಿರಬಹುದು' ಎಂದರೆ ಬಿಡುಗಡೆ, 'ಮಾಡಿರಲೇಬೇಕು' ಎಂದರೆ ಶಿಕ್ಷೆ.

ಆದರೆ ಕೊಂಡಿಗಳನ್ನು ಎಣಿಸುವುದಕ್ಕಿಂತ ಅವನ್ನು ಬೆಸೆದವರು ಯಾರು, ಯಾವಾಗ ಎಂದು ಕೇಳುವುದು ಮುಖ್ಯ ಎನಿಸುತ್ತದೆ ನನಗೆ. ಟೆಲಿಫೋನ್ ಕಂಪನಿಯ ದಾಖಲೆ ಹುಟ್ಟಿದ್ದು ಬಿಲ್ಲಿಗಾಗಿ. ಮುಂದೊಂದು ಕೊಲೆ ಆಗುತ್ತದೆಂದು ಅದಕ್ಕೆ ಗೊತ್ತಿರಲಿಲ್ಲ. ವಸ್ತು ಜಪ್ತಿಯ ಮಹಜರಿನ ಕಥೆಯೇ ಬೇರೆ. ಅದನ್ನು ಬರೆಯುವುದು ಆರೋಪಿ ಸಿಕ್ಕಮೇಲೆ, ಠಾಣೆಯವರು. ಪೊಲೀಸರ ಮುಂದಿನ ತಪ್ಪೊಪ್ಪಿಗೆಯನ್ನು ಕಾನೂನು ನಂಬುವುದಿಲ್ಲ. ಅದರಿಂದ ವಸ್ತುವೊಂದು ಸಿಕ್ಕಿದರೆ ಅಷ್ಟು ಭಾಗವನ್ನು ಮಾತ್ರ ಒಪ್ಪುತ್ತದೆ. ಹೀಗಾಗಿ ರಾಡು, ಮಚ್ಚು, ರಕ್ತದ ಅಂಗಿ ಎಲ್ಲವೂ ಈ ಬಾಗಿಲಿನಿಂದಲೇ ಒಳಬರುತ್ತವೆ. ಮಹಜರಿಗೆ ಸಾಕ್ಷಿಯಾಗಿ ಸಹಿ ಹಾಕಿದ ಪಂಚರು ಉಲ್ಟಾ ಹೊಡೆದರೆ ಉಳಿಯುವುದು ತನಿಖಾಧಿಕಾರಿಯ ಮಾತೊಂದೇ.

ಠಾಣೆಯಲ್ಲಿ ಬೆಸೆದ ಕೊಂಡಿ ಎಷ್ಟು ಸಡಿಲವಿರಬಹುದು ಎಂಬುದಕ್ಕೆ ನಮ್ಮಲ್ಲೇ ಸಾಕ್ಷಿಯಿದೆ. ಕುಶಾಲನಗರದ ಬಳಿಯ ಆದಿವಾಸಿ ಕೂಲಿಯೊಬ್ಬರ ಹೆಂಡತಿ ಕಾಣೆಯಾದರು. ಪಿರಿಯಾಪಟ್ಟಣ ತಾಲ್ಲೂಕಿನ ಬೆಟ್ಟದಪುರದ ಕಡೆ ಅಸ್ಥಿಪಂಜರವೊಂದು ಸಿಕ್ಕಿತು. ಅದು ಆಕೆಯದೇ ಎಂದು ಗಂಡನ ಮೇಲೆ ದೋಷಾರೋಪ ಪಟ್ಟಿ ಸಲ್ಲಿಕೆಯಾಯಿತು. ಡಿಎನ್‌ಎ ಹೊಂದಲಿಲ್ಲ, ಆದರೂ ಕೇಸು ನಡೆಯುತ್ತಲೇ ಇತ್ತು. 2025ರ ಏಪ್ರಿಲ್ 1ರಂದು ಆ 'ಮೃತೆ' ಮಡಿಕೇರಿಯ ಹೋಟೆಲೊಂದರಲ್ಲಿ ಕಣ್ಣಿಗೆ ಬಿದ್ದರು. ಮೈಸೂರಿನ ಸೆಷನ್ಸ್ ನ್ಯಾಯಾಲಯ ಗಂಡನನ್ನು ಬಿಡುಗಡೆ ಮಾಡಿ ಒಂದು ಲಕ್ಷ ರೂಪಾಯಿ ಪರಿಹಾರ ಕೊಡಿ ಎಂದಿತು. ಜೈಲಿನಲ್ಲಿ ಕಳೆದ ದಿನಗಳಿಗೆ ಅದು ಯಾವ ಲೆಕ್ಕ? ಎಲ್ಲ ಕೊಂಡಿಗಳೂ ಮೊದಲನೆಯದಕ್ಕೇ, ಆ ಮೂಳೆಗಳಿಗೇ ಜೋತುಬಿದ್ದಿದ್ದವು. ಅದೇ ಸುಳ್ಳಾಗಿತ್ತು.

ರಿಂಗ್ ರಸ್ತೆ ಪ್ರಕರಣದಲ್ಲಿ ಸತ್ತವರು ಯಾರು, ಎಲ್ಲಿ, ಯಾವಾಗ ಎಂಬ ಬಗ್ಗೆ ತಕರಾರಿರಲಿಲ್ಲ. ವಿಚಾರಣಾ ನ್ಯಾಯಾಲಯ 2010ರಲ್ಲಿ ನಾಲ್ವರಿಗೂ ಜೀವಾವಧಿ ವಿಧಿಸಿತು, ಹೈಕೋರ್ಟ್ ಎತ್ತಿಹಿಡಿಯಿತು. 2025ರ ಜುಲೈ 14ರಂದು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಎಂ.ಎಂ. ಸುಂದರೇಶ್ ಮತ್ತು ಅರವಿಂದ್ ಕುಮಾರ್ ಅವರ ಪೀಠವೂ ಶಿಕ್ಷೆಯನ್ನು ಖಾಯಂಗೊಳಿಸಿತು. ಜೊತೆಗೆ, ಸಂವಿಧಾನದ 161ನೇ ವಿಧಿಯಡಿ ರಾಜ್ಯಪಾಲರಲ್ಲಿ ಕ್ಷಮಾದಾನ ಕೋರಲು ನಾಲ್ವರಿಗೆ ಎಂಟು ವಾರ ಕೊಟ್ಟು, ಅಲ್ಲಿಯವರೆಗೆ ಬಂಧಿಸಬೇಡಿ ಎಂದಿತು.